ಎರಡು ಸೀಲು ಬಂದಿವೆ

ನನ್ನ ಗಂಟಲಿನಲ್ಲಿ ಯಾವಾಗಲೂ ಯಾರಾದರೊಬ್ಬರು ಬಾಡಿಗೆಗೆ ಇರುತ್ತಿದ್ದರು. ಅವರಲ್ಲೆಲ್ಲ ಹಿರಿಯರೆಂದರೆ ಧಾರವಾಡದ ಅಂಕಲ್. ನ್ಯೂಜೆರ್ಸಿಯ ಮೆಟುಚೆನ್‌ನಲ್ಲಿ ನಾನು ಅವರ ಮನೆಯ ಬೇಸ್‌ಮೆಂಟಿನಲ್ಲಿ ಬಾಡಿಗೆಗಿದ್ದೆ, ಅವರು ನನ್ನ ಗಂಟಲಿನಲ್ಲಿದ್ದರು. ಹಾಗಾಗಿ ಯಾರೂ ಯಾರನ್ನೂ ದೂರುವಂತಿರಲಿಲ್ಲ. ಬೆಳಿಗ್ಗೆ ಅವರು ಮೆಟ್ಟಿಲ ಮೇಲಿನಿಂದ, "ಏ ತಮ್ಮಾ, ಬಿಸಿನೀರೆಲ್ಲಾ ನೀನ ಖಾಲಿ ಮಾಡ್ದೇನೋ?" ಎಂದು ಕೂಗುವುದು, ನಾನು ಕೆಳಗಿನಿಂದ ಅವರದೇ ಧ್ವನಿಯಲ್ಲಿ, "ಇಲ್ರೀ ಅಂಕಲ್, ಒಂದ್ ಚರಗಿ ನಿಮಗ ಉಳಿಸೇನ್ರೀ" ಎನ್ನುವುದು, ಇದು ನಮ್ಮ ಸುಪ್ರಭಾತ.

ಎಡಿಸನ್‌ನಲ್ಲಿ ಯಾರ ಮನೆಯಲ್ಲಿ ಪಾಟ್‌ಲಕ್ ನಡೆದರೂ, ಎಲ್ಲರೂ ಒಂದೊಂದಾಗಿ ತಂದ ಅಡುಗೆಯ ಊಟವಾದ ಮೇಲೆ "ಏಯ್, ಶುರು ಮಾಡಪ್ಪಾ" ಎಂಬ ಕೂಗು ಬರುತ್ತಿತ್ತು. ನಾನು ರೈಲಿನ ಕಂಡಕ್ಟರ್ ಆಗುತ್ತಿದ್ದೆ, ನಮ್ಮ ಡ್ರಾಫ್ಟಿಂಗ್ ಆಫೀಸಿನ ಬಾಸ್ ಆಗುತ್ತಿದ್ದೆ, ಎದುರಿಗೇ ಕುಳಿತ ಅಂಕಲ್ ಆಗುತ್ತಿದ್ದೆ. ಆಂಟಿಯರು ಸೆರಗು ಬಾಯಿಗೆ ಒತ್ತಿಕೊಂಡು, "ಅಯ್ಯೋ, ಥೇಟ್ ನಮ್ಮನೆಯವ್ರೇ!" ಎನ್ನುತ್ತಿದ್ದರು. ಆಮೇಲೆ ಎಲ್ಲರೂ ನಿದ್ದೆ ಹೋದ ಮಕ್ಕಳನ್ನು ಹೆಗಲ ಮೇಲೆ ಹಾಕಿಕೊಂಡು ತಂತಮ್ಮ ಕಾರು ಹತ್ತಿ ಹೋಗುತ್ತಿದ್ದರು. ನನಗೆ ಫಾಯಿಲ್‌ನಲ್ಲಿ ಸುತ್ತಿದ ಚಿತ್ರಾನ್ನ. ಬೇಸ್‌ಮೆಂಟಿಗೆ ಬಂದು ಬಾಗಿಲು ಹಾಕಿಕೊಂಡರೆ ಒಳಗೆ ಬರುತ್ತಿದ್ದವನು ನಾನೊಬ್ಬನೇ, ಅವನೂ ನನಗೆ ಅಷ್ಟೇನೂ ಪರಿಚಯದವನಲ್ಲ.

ಹೆಂಡತಿ ಮೈಸೂರಿನಲ್ಲಿದ್ದಳು. ನಾನು ಗ್ರೀನ್ ಕಾರ್ಡ್ ಸಿಕ್ಕ ಮೇಲೆ ಊರಿಗೆ ಹೋಗಿ ಮದುವೆಯಾದವನು. ಮೊದಲು ಮದುವೆ, ಆಮೇಲೆ ಕಾರ್ಡು ಆಗಿದ್ದರೆ ಅವಳೂ ಜೊತೆಗೇ ಬರಬಹುದಿತ್ತಂತೆ. ಉಲ್ಟಾ ಮಾಡಿದ ಬುದ್ಧಿವಂತರ ಹೆಂಡಂದಿರು ಸಾಲಿನಲ್ಲಿ ನಿಲ್ಲಬೇಕು. ಅವಳು ನಿಂತಳು, ಸ್ಕೂಲಿನಲ್ಲಿ ಪಾಠ ಹೇಳುತ್ತ. ನಾನು ಇಲ್ಲಿಗೆ ವಾಪಸು ಬಂದ ಮೇಲೆ ಹುಟ್ಟಿದ ಮಗಳೂ ಅದೇ ಸಾಲಿನಲ್ಲಿ, ತೊಟ್ಟಿಲಲ್ಲಿ ಮಲಗಿಕೊಂಡೇ, ಸೇರಿಕೊಂಡಳು. ಅವಳನ್ನು, ನಮ್ಮ ಪುಟ್ಟಿಯನ್ನು, ನಾನು ಫೋಟೋದಲ್ಲಿ ಮಾತ್ರ ನೋಡಿದ್ದೆ.

ಪಕ್ಕದ ಮನೆಯವರ ಫೋನಿಗೆ ಎರಡು ವಾರಕ್ಕೊಮ್ಮೆ ಭಾನುವಾರ ಬೆಳಿಗ್ಗೆ ಕಾಲ್ ಮಾಡುತ್ತಿದ್ದೆ. ಅವರಿಗೆ ಆಗ ಸಂಜೆ. ಹೆಂಡತಿ ಓಡಿ ಬಂದು ಏದುಸಿರಿನಲ್ಲೇ ಮೊದಲು ಕೇಳುತ್ತಿದ್ದುದು ಒಂದೇ ಪ್ರಶ್ನೆ: "ಸೀಲ್ ಆಯ್ತಾ ರೀ?" ಇಲ್ಲಿ ಇಬ್ಬರ ಕಾಗದಕ್ಕೂ ಸೀಲು ಬೀಳಬೇಕು, ಆಮೇಲೆ ಮದ್ರಾಸಿನಲ್ಲಿ ಅವರಿಬ್ಬರ ಪಾಸ್‌ಪೋರ್ಟಿಗೆ ಸೀಲು ಬೀಳಬೇಕು. ವೀಸಾ ಎಂಬ ಮಾತನ್ನು ನಾವು ಬಳಸುತ್ತಲೇ ಇರಲಿಲ್ಲ. ಸೀಲು ಎಂದರೆ ಎಲ್ಲ ಬಂತು.

ಫೋನಿನಲ್ಲಿ ಆಡಲಾಗದ್ದನ್ನು ಕ್ಯಾಸೆಟ್ಟಿನಲ್ಲಿ ತುಂಬಿ ಕಳಿಸುತ್ತಿದ್ದೆ. ತುಂಬಿದ್ದಾದರೂ ಏನು? ಕಾಗೆ. ರೈಲಿನ ಕಂಡಕ್ಟರ್. ಧಾರವಾಡದ ಅಂಕಲ್ ನನ್ನ ಮಗಳಿಗೆ ಬುದ್ಧಿ ಹೇಳುವುದು. ಅರ್ಧ ಗಂಟೆಯ ಟೇಪಿನಲ್ಲಿ ಹನ್ನೆರಡು ಜನ ಮಾತಾಡುತ್ತಿದ್ದರು. ಹೆಂಡತಿ ಬರೆದಳು: "ಮಗು ನಗುತ್ತದೆ. ಆದರೆ ಅಪ್ಪ ಮಾತಾಡುತ್ತಿದ್ದಾರೆ ಎಂದು ಟೇಪ್ ರೆಕಾರ್ಡರ್ ತೋರಿಸಿದರೆ, ಇಷ್ಟು ಜನದಲ್ಲಿ ಯಾವುದು ಎಂಬಂತೆ ನನ್ನ ಮುಖ ನೋಡುತ್ತದೆ." ನಾನು ಅದನ್ನು ಹೊಗಳಿಕೆ ಎಂದುಕೊಂಡೆ. ಅಷ್ಟು ಜಾಣ.

ಶನಿವಾರಗಳನ್ನು ಕಳೆಯಲು ನನಗೊಂದು ಉಪಾಯವಿತ್ತು. ರೈಲಿನಲ್ಲಿ ನ್ಯೂಯಾರ್ಕಿಗೆ ಹೋಗಿ, ಸಬ್‌ವೇ ಹತ್ತಿ, ಅದು ಎಲ್ಲಿಯವರೆಗೆ ಹೋಗುತ್ತದೋ ಅಲ್ಲಿಯವರೆಗೆ ಕೂರುವುದು. ಕೊನೆಯಲ್ಲಿ ಸಮುದ್ರವಿತ್ತು. ಸಮುದ್ರದ ದಂಡೆಯಲ್ಲಿ ಒಂದು ಅಕ್ವೇರಿಯಂ ಇತ್ತು. ಜನವರಿಯ ಒಂದು ದಿನ ಒಳಗೆ ಹೀಟಿಂಗ್ ಇರುತ್ತದೆಂಬ ಒಂದೇ ಕಾರಣಕ್ಕೆ ಟಿಕೆಟ್ ಕೊಂಡೆ. ಹಿಂಭಾಗದ ಕೊಳದ ಹತ್ತಿರ ರಬ್ಬರ್ ಬೂಟಿನ ಹೆಂಗಸೊಬ್ಬರು ಬಕೆಟ್ ಹಿಡಿದು ಸಮುದ್ರಸಿಂಹಗಳಿಗೆ ಮೀನು ಹಾಕುತ್ತಿದ್ದರು. ಅವುಗಳಲ್ಲಿ ಒಂದು ನುಗ್ಗಿ ಬಂತು. ಅವರು ಬೈದರು: "ಎಂತ ಅವಸರ ನಿಂಗೆ? ನಿಲ್ಲು ಮಾರಾಯ್ತಿ!"

ನನ್ನ ಗಂಟಲು ನನ್ನನ್ನು ಕೇಳದೆ ಉತ್ತರಿಸಿತು. "ಅದಕ್ಕೆ ಹಸಿವುಂಟು ಮಾರಾಯ್ರೇ, ಕೊಟ್ಬಿಡಿ."

ಅವರ ಕೈಯಿಂದ ಮೀನು ಜಾರಿತು. ತಿರುಗಿ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. "ಮಂಗಳೂರಾ?"

"ಅಲ್ಲ ಆಂಟಿ, ಮೈಸೂರು."

"ಮತ್ತೆ ನನ್ನ ಬಾಯಿ ನಿನ್ನ ಬಾಯಲ್ಲಿ ಎಂತಕ್ಕೆ? ಆಂಟಿ ಅಂತೆಲ್ಲ ಹೇಳ್ಬೇಡ, ನಿನಗಿಂತ ಹತ್ತು ವರ್ಷಕ್ಕೆ ದೊಡ್ಡವಳಿರಬಹುದು ಅಷ್ಟೆ. ಬಾಯಿ ಅಂತ ಕರಿ. ನಮ್ಮಲ್ಲಿ ಹಾಗೆ."

ಕರಾವಳಿಯ ಕ್ರೈಸ್ತರಲ್ಲಿ ಅಕ್ಕನಂಥವರಿಗೆ ಬಾಯಿ ಎನ್ನುತ್ತಾರೆಂದು ಹಾಗೆ ತಿಳಿಯಿತು. ಝೂವಾಲಜಿ ಓದಿ ಬಂದವರು, ಹತ್ತು ವರ್ಷದಿಂದ ಆ ಕೊಳದ ಪ್ರಾಣಿಗಳನ್ನು ನೋಡಿಕೊಳ್ಳುತ್ತಿದ್ದವರು. ಮುಂದಿನ ಶನಿವಾರದಿಂದ ನಾನು ಅಲ್ಲಿ ಸಂಬಳವಿಲ್ಲದ ಬಕೆಟ್ ತೊಳೆಯುವವನಾದೆ. ಮೊಟ್ಟೆಯನ್ನೂ ಮುಟ್ಟದ ಮನೆಯಲ್ಲಿ ಬೆಳೆದವನು ಬಂಗುಡೆಯ ತಲೆ ಕತ್ತರಿಸುವುದನ್ನು ಮೂಗು ಮುಚ್ಚಿಕೊಂಡು ನೋಡಿದೆ. "ನಮ್ಮ ಊರಲ್ಲಾದ್ರೆ ಇದಕ್ಕೆ ಚಂದ ಮಸಾಲೆ ಹಾಕ್ತಿದ್ದೆ," ಎನ್ನುತ್ತಿದ್ದರು ಬಾಯಿ, "ಇವಕ್ಕೆ ರುಚಿ ಎಂತದೂ ಗೊತ್ತಿಲ್ಲ, ಪಾಪ."

ಮೇ ತಿಂಗಳ ಒಂದು ಶನಿವಾರ ಹೋದಾಗ ಬಾಯಿ ಗೇಟಿನಲ್ಲೇ ಕಾದಿದ್ದರು. ಅಮೆರಿಕದ ಪಶ್ಚಿಮ ತೀರದಿಂದ ಎರಡು ಫರ್ ಸೀಲ್‌ಗಳು, ಸಮುದ್ರಸಿಂಹದ ನೆಂಟರಾದ ದಟ್ಟ ತುಪ್ಪಳದ ಪ್ರಾಣಿಗಳು, ಬಂದಿದ್ದವು. ಹಿಂದಿನ ಬೇಸಿಗೆಯಲ್ಲಿ ದೂರದ ಉತ್ತರದ ದ್ವೀಪದಲ್ಲಿ ಹುಟ್ಟಿದ ಮರಿಗಳು, ಚಳಿಗಾಲದಲ್ಲಿ ಮೂಳೆಚಕ್ಕಳವಾಗಿ ಯಾವುದೋ ಬೀಚಿಗೆ ಬಂದು ಬಿದ್ದವು. ಎರಡೂ ಹೆಣ್ಣು. ಚಿಕ್ಕದರ ಕುತ್ತಿಗೆಯ ಸುತ್ತ ರೋಮವಿಲ್ಲದ ಒಂದು ಗೆರೆ ಇತ್ತು. ಪೆಟ್ಟಿಗೆ ಕಟ್ಟುವ ಪ್ಲಾಸ್ಟಿಕ್ ಪಟ್ಟಿ ಸಿಕ್ಕಿಹಾಕಿಕೊಂಡು, ಮರಿ ಬೆಳೆದ ಹಾಗೆ ಪಟ್ಟಿ ಒಳಗೆ ಕೊರೆದದ್ದಂತೆ. ಹೊರಕ್ಕೆ ಕಾಣುವ ಪುಟ್ಟ ಕಿವಿ, ಬೆಕ್ಕಿನ ಮೀಸೆ, ಇಡೀ ಮುಖ ತುಂಬುವ ಕಣ್ಣು. ನನ್ನನ್ನು ನೋಡಿತು. ಯಾರದೋ ಮದುವೆಯಲ್ಲಿ ಪರಿಚಯವಿಲ್ಲದ ನೆಂಟರನ್ನು ನೋಡುವ ಮಗುವಿನ ಹಾಗೆ.

ಮರುದಿನ ಭಾನುವಾರ. ಕಾಲ್ ಮಾಡುವ ದಿನ. ನನಗೆ ಹೇಳಿಕೊಳ್ಳಲು ಮೊದಲ ಸಲ ನನ್ನದೇ ಒಂದು ಸುದ್ದಿಯಿತ್ತು. ಯಾರ ಧ್ವನಿಯನ್ನೂ ಎರವಲು ತರಲು ಪುರುಸೊತ್ತಿರಲಿಲ್ಲ.

"ಹಲೋ! ಸೀಲ್ ಬಂತು ಕಣೇ! ಎರಡು ಬಂತು!"

ಲೈನಿನಲ್ಲಿ ಗರಗರ ಸದ್ದು. "ಏನ್ ಬಂತು ರೀ?"

"ಸೀಲು! ಎರಡು!"

"ಎರಡೂನಾ? ನಿಜವಾಗ್ಲೂ?"

"ನಿಜವಾಗ್ಲೂ ಕಣೇ! ನಿನ್ನೆ ಕಣ್ಣಾರೆ ನೋಡ್ಕೊಂಡು ಬಂದೆ. ಒಂದು ಸ್ವಲ್ಪ ಚಿಕ್ಕದು..."

"ಅದು ಪುಟ್ಟಿದು!" ಎಂದು ಅವಳು ಕೂಗಿದಳು. ಅಷ್ಟರಲ್ಲಿ ಲೈನ್ ಹೋಯಿತು. ನನ್ನ ಹೆಂಡತಿಗೆ ಪ್ರಾಣಿಗಳೆಂದರೆ ಇಷ್ಟು ಪ್ರೀತಿಯೇ ಎಂದು ನಾನು ದಿನವಿಡೀ ಬೀಗುತ್ತಿದ್ದೆ.

ಮುಂದಿನ ಕಾಲ್‌ನ ಭಾನುವಾರ ಎಷ್ಟು ಪ್ರಯತ್ನಿಸಿದರೂ ಲೈನ್ ಸಿಗಲಿಲ್ಲ. ಮೂರು ವಾರದ ಮೇಲೆ ಕಾಗದ ಬಂತು. ಜೂನಿನಲ್ಲಿ ಸ್ಕೂಲು ಶುರುವಾಗುವುದರಿಂದ, ಮುಂದಿನ ವರ್ಷ ಇರುತ್ತೀರಾ ಇಲ್ಲವಾ, ಈ ವಾರವೇ ಹೇಳಿ ಎಂದು ಹೆಡ್‌ಮಿಸ್ ಕೇಳಿದ್ದರಂತೆ. ಇಲ್ಲ ಎಂದು ಬರೆದುಕೊಟ್ಟಳಂತೆ. ಅವಳ ಜಾಗಕ್ಕೆ ಬೇರೆಯವರು ಬಂದೂ ಆಗಿತ್ತು. "ಎರಡು ಸೀಲೂ ಬಂದಿದೆ ಎಂದು ಎಲ್ಲರಿಗೂ ಹೇಳಿದೆ. ಮಗಳಿಗೆ ಸ್ವೆಟರ್ ಹೆಣೆಯುತ್ತಿದ್ದೇನೆ. ಫೋನಿನಲ್ಲಿ ನಿಮ್ಮ ಧ್ವನಿ ಬೇರೆಯಾಗಿತ್ತು, ಅದಕ್ಕೇ ತಮಾಷೆಯಲ್ಲ ಎಂದು ನಂಬಿದೆ."

ಕಾಗದವನ್ನು ಓದಿ ಮಡಿಸಿದೆ. ಬಿಚ್ಚಿ ಮತ್ತೆ ಓದಿದೆ. ಆ ಭಾನುವಾರ ಫೋನ್ ಹಿಡಿದು ಕುಳಿತೆ. ಸತ್ಯ ಹೇಳಬೇಕು, ನೇರವಾಗಿ ಹೇಳಬೇಕು ಎಂದು ಬಾಯಿ ತೆರೆದರೆ ಹೊರಗೆ ಬಂದವರು ಧಾರವಾಡದ ಅಂಕಲ್.

"ನೋಡ್ರೀ ಯಕ್ಕಾರ, ಅದು ಕಾಗದದ ಸೀಲ್ ಅಲ್ರೀ. ಮೀನ ತಿನ್ನೂ ಸೀಲ್ ಐತ್ರೀ. ನೀರಾಗ ಈಜತೈತ್ರೀ."

ಆ ಕಡೆ, ಅವಳ ಹಿಂದೆ ಎಲ್ಲೋ, ಮಗು ಏನನ್ನೋ ನೆಲಕ್ಕೆ ಬಡಿಯುತ್ತಿತ್ತು.

"ರೀ," ಎಂದಳು, ಮೆಲ್ಲಗೆ. "ಯಾರು ಮಾತಾಡ್ತಿರೋದು?"

ಅದು ಅವಳು ನನಗೆ ಕೊಟ್ಟ ಅವಕಾಶ. ನಾನೇ ಕಣೇ, ತಪ್ಪಾಯ್ತು, ಎಂದಿದ್ದರೆ ಸಾಕಿತ್ತು. "ನಾನ್ರೀ, ಮೆಟುಚೆನ್ ಅಂಕಲ್" ಎಂದುಬಿಟ್ಟೆ.

ಅವಳು ಫೋನ್ ಇಟ್ಟಳು. ಮತ್ತೆ ಮಾಡಿದಾಗ ಪಕ್ಕದ ಮನೆಯವರು, "ಅವರು ಬರಲ್ವಂತೆ" ಎಂದರು. ಮುಂದಿನ ಭಾನುವಾರವೂ ಅದೇ ಮಾತು. ಕಾಗದ ಬರೆದೆ, ಇನ್ನೊಂದು ಬರೆದೆ, ಉತ್ತರವಿಲ್ಲ. ಪಾಟ್‌ಲಕ್‌ಗಳಲ್ಲಿ "ಶುರು ಮಾಡಪ್ಪಾ" ಎಂದರೆ ಗಂಟಲು ನೋವೆಂದು ಸುಳ್ಳು ಹೇಳತೊಡಗಿದೆ. ಅಂಕಲ್ ಮೆಟ್ಟಿಲ ಮೇಲಿನಿಂದ ಬಿಸಿನೀರಿಗೆ ಬೈದರೂ ಸುಮ್ಮನಿರುತ್ತಿದ್ದೆ. "ಯಾಕೋ ತಮ್ಮಾ, ಆರಾಮಿಲ್ಲೇನು?" ಎಂದು ಅವರೇ ಒಂದು ದಿನ ಕೆಳಗಿಳಿದು ಬಂದು ಹಣೆ ಮುಟ್ಟಿ ನೋಡಿದರು.

ಬಾಯಿಗೆ ಮಾತ್ರ ಎಲ್ಲ ಹೇಳಿದೆ. ಅವರು ಕತ್ತಿ ಕೆಳಗಿಟ್ಟರು. "ಎಂತ ಹುಚ್ಚು ನಿಂಗೆ? ಅವಳ ಕೆಲಸ ಹೋಯ್ತಲ್ಲ ಮಾರಾಯ!" ಎಂದರು. ಆಮೇಲೆ ಒಂದು ಬಕೆಟ್ ನನ್ನ ಕಡೆ ತಳ್ಳಿದರು.

ಆ ಬೇಸಿಗೆಯೆಲ್ಲ ನಾನು ಕೊಳದ ಪಕ್ಕ ಕುಳಿತು ಅವರ ಬಾಯಿಂದ ಆ ದ್ವೀಪದ ಕತೆ ಕೇಳಿದೆ. ಒಂದು ವರ್ಷ ಅವರು ಮರಿಗಳನ್ನು ಎಣಿಸುವ ತಂಡದ ಜೊತೆ ಅಲ್ಲಿಗೆ ಹೋಗಿದ್ದರು. ಬೇಸಿಗೆಯ ಮೊದಲಿಗೆ ಗಂಡುಗಳು ಬರುತ್ತವೆ. ಒಂದೊಂದೂ ಕಲ್ಲಿನ ಮೇಲೊಂದು ತುಂಡು ಜಾಗ ಹಿಡಿದು, ಅದನ್ನು ಬಿಟ್ಟರೆ ಹೋಯಿತೆಂದು ವಾರಗಟ್ಟಲೆ ಊಟವಿಲ್ಲದೆ ಗುರುಗುಟ್ಟುತ್ತ ಕೂರುತ್ತದೆ.

"ಎಡಿಸನ್ ಸ್ಟೇಷನ್ನಿನ ಪಾರ್ಕಿಂಗ್ ಲಾಟಿನ ಅಂಕಲ್‌ಗಳ ಹಾಗೆ," ಎಂದೆ.

"ಜಾಗ ಸಿಗದ ಪ್ರಾಯದ ಗಂಡುಗಳು ಬೇರೆ ಕಡೆ ಗುಂಪಾಗಿ ಬಿದ್ದಿರ್ತವೆ. ಅವುಗಳನ್ನು ಬ್ಯಾಚಲರ್ಸ್ ಅಂತ ಹೇಳೋದು. ನಗ್ಬೇಡ, ಪುಸ್ತಕದಲ್ಲೇ ಉಂಟು. ತುಪ್ಪಳಕ್ಕೆ ಅಂತ ಹೊಡೆದು ಕೊಲ್ತಾ ಇದ್ದದ್ದು ಅವುಗಳನ್ನೇ."

ನಗು ನಿಂತಿತು. ತುಪ್ಪಳ ಎಷ್ಟು ದಟ್ಟವೆಂದರೆ ನೀರು ಚರ್ಮಕ್ಕೆ ಇಳಿಯುವುದೇ ಇಲ್ಲವಂತೆ. ಜೀವ ಕಾಯುವ ಆ ಕೋಟೇ ಜೀವ ತೆಗೆಯಿತು. ಮಾರಾಟಕ್ಕೆ ಕೊಲ್ಲುವುದು ನಿಂತು ಆಗ ಕೆಲವೇ ವರ್ಷಗಳಾಗಿದ್ದವು. ದ್ವೀಪದ ಮೂಲ ಜನ ಊಟಕ್ಕೆಂದು ಹೊಡೆಯುವುದು ಮಾತ್ರ ಉಳಿದಿತ್ತು. "ಆದ್ರೂ ಲೆಕ್ಕ ಏರ್ತಾ ಇಲ್ಲ," ಎಂದರು ಬಾಯಿ, ಚಿಕ್ಕದರ ಕುತ್ತಿಗೆಯ ಗೆರೆ ತೋರಿಸಿ. "ಬಲೆ ತುಂಡು, ಪಟ್ಟಿ, ಹಗ್ಗ, ಎಲ್ಲ ಸಮುದ್ರಕ್ಕೆ ಬಿಸಾಡ್ತೇವೆ. ಮರಿಗಳಿಗೆ ಆಟ. ತಲೆ ತೂರಿಸ್ತವೆ. ರೋಮ ಹಿಂದಕ್ಕೆ ಬಾಗಿರ್ತದಲ್ಲ, ಒಳಗೆ ಹೋದದ್ದು ಹೊರಗೆ ಬರುವುದಿಲ್ಲ."

ಹೆಣ್ಣುಗಳು ಆಮೇಲೆ ಬರುತ್ತವೆ. ದಡ ಹತ್ತಿದ ಒಂದೆರಡು ದಿನದಲ್ಲಿ ಕಪ್ಪು ಮರಿ ಹಾಕುತ್ತವೆ. ವಾರ ಕಳೆಯುವುದರೊಳಗೆ ಮತ್ತೆ ಗರ್ಭ. ಆದರೆ ಆ ಗರ್ಭ ಬೆಳೆಯದೆ ತಿಂಗಳುಗಟ್ಟಲೆ ಹಾಗೇ ನಿಂತಿರುತ್ತದೆ, ಚಳಿಗಾಲದ ಹೊತ್ತಿಗೆ ಹೊಟ್ಟೆಯಲ್ಲಿ ಅಂಟಿಕೊಂಡು ಬೆಳೆಯಲು ಶುರು. "ಪೇಪರ್ ಪೆಂಡಿಂಗ್," ಎಂದೆ. ಈ ಸಲ ಬಾಯಿ ನಕ್ಕರು.

"ಮತ್ತೆ ತಾಯಿ ಸಮುದ್ರಕ್ಕೆ ಹೋಗ್ತಾಳೆ, ಮೀನಿಗೆ. ವಾರಾನುಗಟ್ಟಲೆ ಬರ್ಲಿಕ್ಕಿಲ್ಲ. ಬಂದವಳು ದಡದಲ್ಲಿ ನಿಂತು ಕೂಗ್ತಾಳೆ. ಸಾವಿರ ಮರಿ ಉಂಟು, ಸಾವಿರವೂ ಒಂದೇ ಬಣ್ಣ. ಅವಳ ಮರಿ ಮಾತ್ರ ಓಗೊಡ್ತದೆ. ಹತ್ತಿರ ಬಂದ ಮೇಲೆ ಮೂಸಿ ನೋಡ್ತಾಳೆ. ಬೇರೆಯವರ ಮರಿ ಆದ್ರೆ ಕಚ್ಚಿ ಎಸೀತಾಳೆ."

"ಹೇಗೆ ಕೂಗ್ತಾಳೆ?"

ಬಾಯಿ, ಸುತ್ತ ಯಾರೂ ಇಲ್ಲವೆಂದು ನೋಡಿಕೊಂಡು ಕೂಗಿ ತೋರಿಸಿದರು. ಕುರಿಯೂ ಎಮ್ಮೆಯೂ ಕೂಡಿದಂಥ ಒಂದು ಸದ್ದು, ಕೊನೆಯಲ್ಲಿ ಪ್ರಶ್ನೆಯ ಹಾಗೆ ಮೇಲಕ್ಕೆ ಏರುವಂಥದ್ದು. ನಾನು ಎರಡು ವಾರ ಬೇಸ್‌ಮೆಂಟಿನಲ್ಲಿ ಅಭ್ಯಾಸ ಮಾಡಿದೆ. ಮೂರನೆಯ ಶನಿವಾರ ಬಾಯಿ ಒಳಗೆ ಹೋದ ಸಮಯ ನೋಡಿ ಕೊಳದ ಅಂಚಿನಲ್ಲಿ ಮಂಡಿಯೂರಿ ಕೂಗಿದೆ.

ಚಿಕ್ಕದು ನೀರಿನೊಳಗಿನಿಂದ ತಟಕ್ಕನೆ ತಲೆ ಎತ್ತಿತು. ನಾನು ಮತ್ತೆ ಕೂಗಿದೆ. ಅದು ಸಣ್ಣಗೆ ಒಂದು ಸಲ ಓಗೊಟ್ಟು, ನೇರ ನನ್ನತ್ತ ಈಜಿ ಬಂದು, ಕಲ್ಲು ಹತ್ತಿ, ಒದ್ದೆ ಮೂತಿಯನ್ನು ನನ್ನ ಮುಖದ ಹತ್ತಿರ ತಂದಿತು. ಮೂಸಿತು. ನನ್ನ ಜೀವಮಾನದ ಅತ್ಯುತ್ತಮ ಮಿಮಿಕ್ರಿ ಅದು. ನಾಲ್ಕು ಉಸಿರಿನಷ್ಟು ಹೊತ್ತು ಅಲ್ಲೇ ಇತ್ತು. ಆಮೇಲೆ ಹಿಂದಕ್ಕೆ ಸರಿದು ನೀರಿಗೆ ಇಳಿದು ಹೋಯಿತು. ಆ ಮಧ್ಯಾಹ್ನ ಮೀನು ಮುಟ್ಟಲಿಲ್ಲ.

ಬಾಯಿ ಬಾಗಿಲಲ್ಲಿ ನಿಂತು ನೋಡಿದ್ದರು. ನನಗೆ ಗೊತ್ತಿರಲಿಲ್ಲ. ಜೋರಾಗಿ ಬೈಯಲಿಲ್ಲ. "ಅದಕ್ಕೆ ಮೋಸ ಮಾಡ್ಬೇಡ," ಎಂದರು. "ಧ್ವನಿ ಬಂತು, ಆಳು ಬರ್ಲಿಲ್ಲ. ಅದಕ್ಕೆ ಹೇಗೆ ಆಗಿರಬಹುದು, ನೀನೇ ಹೇಳು."

ಆಳಿಲ್ಲದ ಧ್ವನಿಗಳನ್ನು ನಾನು ಒಂದೂವರೆ ವರ್ಷದಿಂದ ಕ್ಯಾಸೆಟ್ಟಿನಲ್ಲಿ ಪ್ಯಾಕ್ ಮಾಡಿ ಮೈಸೂರಿಗೆ ಪೋಸ್ಟ್ ಮಾಡುತ್ತಿದ್ದೆ.

ಸಂಜೆ ಹೊರಡುವಾಗ ಎರಡೂ ಮಲಗಿದ್ದವು, ನೀರಿನ ಮೇಲೆಯೇ. ಪಕ್ಕಕ್ಕೆ ಹೊರಳಿ, ಮುಂದಿನ ಒಂದು ಈಜುಗೈಯನ್ನೂ ಹಿಂಗಾಲುಗಳನ್ನೂ ಮೇಲಕ್ಕೆತ್ತಿ ಸೇರಿಸಿಕೊಂಡು, ಜಗ್ಗಿನ ಹಿಡಿಯಂತೆ ಕಮಾನು ಮಾಡಿಕೊಂಡು ತೇಲುತ್ತಿದ್ದವು. ಹಾಗೆ ಮಲಗುವುದಕ್ಕೆ ಜಗ್‌ಹ್ಯಾಂಡಲ್ ಎನ್ನುತ್ತಾರೆ ಎಂದರು ಬಾಯಿ. ನನಗೆ ನಗು ಬಂತು. ಜಗ್‌ಹ್ಯಾಂಡಲ್ ಎಂದರೆ ನಮ್ಮ ನ್ಯೂಜೆರ್ಸಿಯ ರಸ್ತೆಗಳ ಶಾಪ. ಎಡಕ್ಕೆ ತಿರುಗಬೇಕಾದವನು ನೇರವಾಗಿ ಎಡಕ್ಕೆ ತಿರುಗುವಂತಿಲ್ಲ. ಬಲಕ್ಕೆ ಇಳಿದು, ಸುತ್ತು ಹಾಕಿ, ಸಿಗ್ನಲ್‌ಗೆ ಕಾದು ದಾಟಬೇಕು. ಡ್ರೈವ್ ಮಾಡಲು ಕಲಿಯುವಾಗ ನಾನು ಹತ್ತು ಸಲ ಎಡ ತಿರುವು ತಪ್ಪಿಸಿಕೊಂಡಿದ್ದೆ. ವಾಪಸು ರೈಲಿನಲ್ಲಿ ಕುಳಿತು ಯೋಚಿಸಿದರೆ, ರಸ್ತೆಗೇಕೆ ಬೈಯಬೇಕು? ಒಂದು ನೇರ ಮಾತಿಗೆ ಹನ್ನೆರಡು ಗಂಟಲು ಸುತ್ತಿ ಬರುವವನು ನಾನು.

ನವೆಂಬರ್ ಬಂತು. ದ್ವೀಪದಲ್ಲಿ ಈಗ ತಾಯಂದಿರೆಲ್ಲ ಹೊರಟುಹೋಗಿರುತ್ತಾರೆ ಎಂದು ಬಾಯಿ ಹೇಳಿದ್ದರು. ಮರಿಗಳ ಕಪ್ಪು ರೋಮ ಉದುರಿ ಮೈ ಬೆಳ್ಳಿಯಂತಾಗಿರುತ್ತದೆ. ಅವು ಯಾರೂ ದಾರಿ ತೋರಿಸದೆ ಒಂದೊಂದಾಗಿ ನೀರಿಗಿಳಿಯುತ್ತವೆ. ಮತ್ತೆ ನೆಲ ಮುಟ್ಟಲು ಒಂದೆರಡು ವರ್ಷ. ಎಷ್ಟೋ ಮೊದಲ ಚಳಿಗಾಲವನ್ನೇ ದಾಟುವುದಿಲ್ಲ.

ಒಂದು ಭಾನುವಾರ ಮಧ್ಯಾಹ್ನ ಅಂಕಲ್ ಸಾಮಾನು ತರಲು ಬೆಲ್‌ರೋಸಿನ ಇಂಡಿಯನ್ ಅಂಗಡಿಗೆ ಹೋಗಿದ್ದರು. ಮನೆ ಬೆಚ್ಚಗಿಡುವ ಫರ್ನೇಸಿನ ಸದ್ದು ಬಿಟ್ಟರೆ ಏನೂ ಇರಲಿಲ್ಲ. ಟೇಪ್ ರೆಕಾರ್ಡರಿನ ಕೆಂಪು ಗುಂಡಿ ಒತ್ತಿದೆ. ಗಂಟಲಿಗೆ ಅಂಕಲ್ ಬಂದರು, ಹೊರಗೆ ಕಳಿಸಿದೆ. ಕಂಡಕ್ಟರ್ ಬಂದ, ಅವನನ್ನೂ ಇಳಿಸಿದೆ. ಎಲ್ಲರೂ ಖಾಲಿ ಮಾಡಿದ ಮೇಲೆ ಉಳಿದದ್ದು ಒಂದಿಷ್ಟು ಕಫ. "ಹ್ಞೂಂ..." ಎಂದು ಕೆಮ್ಮಿ, "ಕೇಳಿಸ್ತಾ?" ಎಂದೆ.

ಆಮೇಲೆ ಹೇಳಿದೆ. ನಿನ್ನ ಕೆಲಸ ಹೋಗಿದ್ದು ನನ್ನಿಂದ, ಅದನ್ನು ಹೇಳಲು ಹೆದರಿ ಇನ್ನೊಬ್ಬರ ಬೆನ್ನ ಹಿಂದೆ ಅಡಗಿದೆ, ಎಂದೆ. ಕಾಗದ ಇನ್ನೂ ಬಂದಿಲ್ಲ, ಬಂದ ದಿನ ಸೀಲು ಎನ್ನುವುದಿಲ್ಲ, ವೀಸಾ ಎನ್ನುತ್ತೇನೆ, ಎಂದೆ. ಚಿಕ್ಕ ಸೀಲಿಗೆ ಕುತ್ತಿಗೆಯಲ್ಲಿ ಗೆರೆ ಇದೆ, ಅದರ ಮುಂದೆ ಸುಳ್ಳು ಕೂಗು ಕೂಗಿ ಮರ್ಯಾದೆ ಕಳೆದುಕೊಂಡೆ, ಎಂದೆ. ಮಗಳಿಗೆ ಏನು ಹೇಳುವುದೆಂದು ತೋಚದೆ, ಇವತ್ತು ಬೆಳಿಗ್ಗೆ ಉಪ್ಪಿಟ್ಟು ಮಾಡಿದೆ, ತಳ ಹಿಡಿಯಿತು, ಎಂದೆ. ಹಾಕಿ ಕೇಳಿದರೆ ಯಾರೋ ನನ್ನನ್ನು ಕೆಟ್ಟದಾಗಿ ಮಿಮಿಕ್ರಿ ಮಾಡುತ್ತಿರುವಂತಿತ್ತು. ಅಳಿಸಬೇಕೆನಿಸಿತು. ಅದಕ್ಕೇ ಅಂದೇ ಲಕೋಟೆಗೆ ಹಾಕಿ ಅಂಟಿಸಿದೆ.

ಹಿಮ ಬಿದ್ದು, ಕರಗಿ, ಮತ್ತೆ ಬಿತ್ತು. ಚಿಕ್ಕದು ಚೆನ್ನಾಗಿ ತಿನ್ನುತ್ತಿತ್ತು. ನಾನು ಅದರ ಹತ್ತಿರ ಹೋದಾಗ ಬಾಯಿಮುಚ್ಚಿಕೊಂಡೇ ಇರುತ್ತಿದ್ದೆ.

ಜನವರಿಯ ಕೊನೆಗೆ ಒಂದು ಶನಿವಾರ ಅಕ್ವೇರಿಯಂಗೆ ಹೊರಡುವಾಗ ಮೇಲ್‌ಬಾಕ್ಸಿನಲ್ಲಿ ಅವಳ ಕೈಬರಹದ ದಪ್ಪ ಲಕೋಟೆ ಇತ್ತು. ಬೂಟು ಬಿಚ್ಚದೆ ಕೆಳಗಿಳಿದು ಕ್ಯಾಸೆಟ್ ಹಾಕಿದೆ. ಮೊದಲಿಗೆ ಮಕ್ಕಳು ಮಗ್ಗಿ ಹೇಳುವ ಸದ್ದು. ಮನೆಯಲ್ಲಿ ಟ್ಯೂಷನ್ ಶುರು ಮಾಡಿದ್ದಾಳೆಂದು ಹಾಗೆ ಗೊತ್ತಾಯಿತು. ಹದಿಮೂರರ ಮಗ್ಗಿ ಮುಗಿದ ಮೇಲೆ ಅವಳ ಧ್ವನಿ, ನನಗಲ್ಲ, ಮಗಳಿಗೆ: "ಪುಟ್ಟೀ, ಅಪ್ಪಂಗೆ ಹೇಳು." ಬಳೆಯ ಸದ್ದು. ಉಸಿರು. ಆಮೇಲೆ ಬಹಳ ಹತ್ತಿರದಿಂದ, ಒಂದು ಪುಟ್ಟ ಗಂಟಲು ದೊಡ್ಡ ಮನುಷ್ಯರ ಹಾಗೆ ಕೆಮ್ಮಿತು.

"ಹ್ಞೂಂ... ಕೇಳಿಚ್ತಾ?"

ಹೆಂಡತಿ ನಗು ತಡೆದುಕೊಂಡದ್ದು ಟೇಪಿನಲ್ಲಿ ಸಿಕ್ಕಿತ್ತು. "ಬೆಳಿಗ್ಗೆ ಎದ್ದ್ರೆ ಇದೇ ರೀ. ತಟ್ಟೆಗೂ ಕೇಳ್ತಾಳೆ, ಬೆಕ್ಕಿಗೂ ಕೇಳ್ತಾಳೆ. ನಿಮ್ಮ ಕಾಗೆ, ಕಂಡಕ್ಟರು ಒಂದನ್ನೂ ಯಾವತ್ತೂ ಮಾಡ್ದೋಳಲ್ಲ." ಮಗಳನ್ನು ತೊಡೆಯಿಂದ ಇಳಿಸಿದ ಸದ್ದು. "ನಂಗಿನ್ನೂ ಕೋಪ ಹೋಗಿಲ್ಲ. ಇನ್ನೊಂದು ಟೇಪ್ ಕಳ್ಸಿ. ಅಂಕಲ್‌ನ ಕರ್ಕೊಂಡ್ ಬರ್ಬೇಡಿ."

ನಿಜವಾದ ಸೀಲು ಬೀಳಲು ಆಮೇಲೂ ಒಂದು ವರ್ಷ ಬೇಕಾಯಿತು. ಅದು ಆ ದಿನ ನನಗೆ ಗೊತ್ತಿರಲಿಲ್ಲ. ಹಿಂದಕ್ಕೆ ಸುತ್ತಿ ಮತ್ತೆ ಹಾಕಿದೆ. "ಕೇಳಿಚ್ತಾ?" ಎಂದಿತು ಟೇಪು.

"ಕೇಳಿಸ್ತು ಪುಟ್ಟಿ," ಎಂದೆ, ಗಟ್ಟಿಯಾಗಿ, ಆ ಖಾಲಿ ರೂಮಿನಲ್ಲಿ. "ಕೇಳಿಸ್ತು."

ಮೇಲೆ ಬಾಗಿಲು ತೆರೆದುಕೊಂಡಿತು. "ಯಾರ್ ಬಂದಾರೋ ತಮ್ಮಾ?" ಎಂದು ಧಾರವಾಡದ ಅಂಕಲ್ ಕೂಗಿದರು. "ಯಾರ ದನಿ ಅದು? ಕೇಳಿದಂಗಿಲ್ಲಲ್ಲ."

"ಯಾರೂ ಇಲ್ಲ ಅಂಕಲ್," ಎಂದೆ. "ನಾನೇ."